‘ಹಸೀನಾ’ ಯಾರ ಸಿನಿಮಾ?

ಗಿರೀಶ್ ಕಾಸರವಳ್ಳಿಯವರ ‘ಹಸೀನಾ’ 2004ರ ಚಿತ್ರ. ನಾವು ಅದನ್ನು ಥಿಯೇಟರಿನಲ್ಲಿ ನೋಡಿದವರಲ್ಲ. ಪಾಣೆಮಂಗಳೂರಿನ ಒಂದು ಮನೆಯ ಚಾವಡಿಯಲ್ಲಿ, ಟಿ.ವಿ.ಯ ಮುಂದೆ, ಬೀಡಿ ಸೂಪು ಮಡಿಲಲ್ಲಿಟ್ಟುಕೊಂಡ ಹೆಂಗಸರ ನಡುವೆ ಕುಳಿತು ನೋಡಿದೆವು. ನಡುವಯಸ್ಸಿನ ಒಬ್ಬ ತಾಯಿ ಎಲೆ ಸುತ್ತುವುದನ್ನು ನಿಲ್ಲಿಸಿ, “ಮೋನೇ, ಈ ಮುತವಲ್ಲಿ ಯಾವ ಊರಿನವರು?” ಎಂದು ಕೇಳಿದರು. ಘಟ್ಟದ ಮೇಲಿನವರು ಎಂದೆವು. “ಇಲ್ಲಿಯವರ ಹಾಗೆಯೇ ಮಾತಾಡುತ್ತಾರಲ್ಲ!” ಎಂದು ಅವರು ಮತ್ತೆ ಎಲೆಗೆ ಕೈ ಹಾಕಿದರು. ಆ ಚಿತ್ರದ ಬಗ್ಗೆ ನಾವು ಕೇಳಿದ ಅತ್ಯುತ್ತಮ ವಿಮರ್ಶೆ ಅದೇ.

ಚಿತ್ರದ ಮೂಲ ಬಾನು ಮುಷ್ತಾಕ್ ಅವರ ‘ಕರಿ ನಾಗರಗಳು’ ಕಥೆ. ಆಟೋ ಓಡಿಸುವ ಯಾಕೂಬ್, ಹೆಣ್ಣು ಮಕ್ಕಳನ್ನೇ ಹೆತ್ತಳೆಂಬ ಕಾರಣಕ್ಕೆ ಹೆಂಡತಿಯನ್ನು ಕೈಬಿಡುತ್ತಾನೆ. ಅವಳು ನ್ಯಾಯ ಕೇಳಿ ಮುತವಲ್ಲಿಯ ಬಾಗಿಲಿಗೆ ಹೋಗುತ್ತಾಳೆ. ಇಂದು, ನಾಳೆ ಎಂದು ಸತಾಯಿಸಿದಾಗ ಮಕ್ಕಳೊಂದಿಗೆ ಮಸೀದಿಯ ಅಂಗಳದಲ್ಲೇ ಕೂರುತ್ತಾಳೆ. ಇದು ಪಟ್ಟಣದ ಕಥೆ. ಕೈಬಿಟ್ಟವಳಿಗೆ ಹಿಂದಿರುಗಲು ಗದ್ದೆಯಿಲ್ಲ, ತೋಟವಿಲ್ಲ, ತರವಾಡು ಮನೆಯೂ ಇಲ್ಲ. ಬಾಡಿಗೆಯ ಗೂಡು ಬಿಟ್ಟರೆ ಉಳಿದದ್ದು ಮಸೀದಿಯ ಮೆಟ್ಟಿಲು ಮಾತ್ರ. ಬಿ.ಸಿ. ರೋಡಿನ ಆಟೋ ಸ್ಟ್ಯಾಂಡಿನಲ್ಲಿ ನಿಂತು ನೋಡುವವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ.

ಕಥೆಯ ನಾಯಕಿಯ ಹೆಸರು ಅಶ್ರಫ್. ಚಿತ್ರದಲ್ಲಿ ಅವಳು ಹಸೀನಾ ಆದಳು, ಅದೇ ಚಿತ್ರದ ಹೆಸರೂ ಆಯಿತು. ಇದು ಸಣ್ಣ ಬದಲಾವಣೆಯೆಂದು ನಮಗೆ ಅನಿಸುವುದಿಲ್ಲ. ‘ಕರಿ ನಾಗರಗಳು’ ಎಂಬುದು ಒಂದು ಶಾಪ. ಮಗು ಸತ್ತ ಮೇಲೆ ಮೊಹಲ್ಲಾದ ಹೆಂಗಸರು ಮುತವಲ್ಲಿಯ ಮೇಲೆ ಎಸೆಯುವ ಶಾಪ. ಅದುವರೆಗೆ ಬಾಗಿಲ ಸಂದಿಯಿಂದ ನೋಡುತ್ತಿದ್ದವರಿಗೆಲ್ಲ ಆ ಗಳಿಗೆಯಲ್ಲಿ ನಾಲಗೆ ಬರುತ್ತದೆ. ಮುತವಲ್ಲಿಯ ಹೆಂಡತಿ ಅಮೀನಾ ಕೂಡ, ಹೆತ್ತು ಹೆತ್ತು ಸೋತವಳು, ಗಂಡನ ಅಪ್ಪಣೆಗೆ ಕಾಯದೆ ಆಪರೇಷನ್ನಿಗೆ ಹೊರಡುತ್ತಾಳೆ. ಕಥೆಯ ಹೆಸರು ತಪ್ಪಿತಸ್ಥನ ಮೇಲೆ ಬೆರಳಿಟ್ಟರೆ, ಚಿತ್ರದ ಹೆಸರು ನೊಂದವಳ ಮೇಲೆ ಕಣ್ಣಿಡುತ್ತದೆ. ಕಣ್ಣೀರಿಗೆ ಸಿಗುವಷ್ಟು ಪ್ರೇಕ್ಷಕರು ಶಾಪಕ್ಕೆ ಸಿಗುವುದಿಲ್ಲ ಎಂಬುದು ನಿರ್ದೇಶಕರಿಗೆ ತಿಳಿಯದ್ದೇನಲ್ಲ.

ತಾರಾ ಅವರಿಗೆ ರಾಷ್ಟ್ರಪ್ರಶಸ್ತಿ ಬಂದದ್ದು ನ್ಯಾಯವೇ. ಇಶ್ರತ್ ನಿಸಾರ್ ಅವರ ವಸ್ತ್ರವಿನ್ಯಾಸಕ್ಕೂ ಪ್ರಶಸ್ತಿ ಬಂತು. ಚಿತ್ರಕ್ಕೆ ದೊರೆತ ಇನ್ನೊಂದು ಪ್ರಶಸ್ತಿ ಮಾತ್ರ ವಿಚಿತ್ರ: ಕುಟುಂಬ ಕಲ್ಯಾಣದ ಅತ್ಯುತ್ತಮ ಚಿತ್ರ! ಅಮೀನಾಳ ಆಪರೇಷನ್ನು ನೆನೆದರೆ ಹೊಂದುವಂತೆಯೇ ತೋರುತ್ತದೆ. ಆದರೆ ಹಕ್ಕಿನ ಪ್ರಶ್ನೆಯನ್ನು ಆರೋಗ್ಯ ಇಲಾಖೆಯ ಗೋಡೆಬರಹದ ಪಕ್ಕದಲ್ಲಿ ತೂಗುಹಾಕಿದಂತೆಯೂ ಆಯಿತು. ಕಥೆಯಲ್ಲಿ ಜುಲೇಖಾ ಬೇಗಂ ಎಂಬ ಓದಿದ ಹೆಂಗಸು ಹೇಳುವುದು ಬೇರೆಯೇ ಮಾತು. ಹೆಣ್ಣಿಗೆ ಕರ್ತವ್ಯಗಳನ್ನು ಗಟ್ಟಿಯಾಗಿ ಓದಿ ಹೇಳುವವರು, ಧರ್ಮವೇ ಅವಳಿಗೆ ಕೊಟ್ಟ ಹಕ್ಕುಗಳ ಪುಟ ಬಂದಾಗ ಸುಮ್ಮನಾಗುತ್ತಾರೆ. ಇದು ಒಳಗಿನಿಂದ, ಕಿತಾಬನ್ನು ಕೈಯಲ್ಲಿ ಹಿಡಿದೇ ಕೇಳಿದ ಪ್ರಶ್ನೆ.

ಚಿತ್ರದ ಬಗ್ಗೆ ನಮ್ಮವರಲ್ಲಿ ಒಂದು ದೂರು ಇತ್ತು, ಈಗಲೂ ಇದೆ. ಮನೆಯ ಮಾತನ್ನು ಬೀದಿಗೆ ತಂದದ್ದು ಯಾಕೆ? ನಿರ್ದೇಶಕರು ಹೊರಗಿನವರು, ಮೆಚ್ಚಿದವರು ಹೊರಗಿನವರು, ಅದೂ ಗುಜರಾತಿನ 2002ರ ಗಾಯ ಹಸಿಯಾಗಿದ್ದ ಕಾಲದಲ್ಲಿ. ಈ ದೂರನ್ನು ನಾವು ಹಗುರವಾಗಿ ತಳ್ಳಿಹಾಕಲಾರೆವು. ಹಸೀನಾಳಿಗೆ ಅತ್ತವರಲ್ಲಿ ಕೆಲವರು ಅವಳ ಅಣ್ಣತಮ್ಮಂದಿರಿಗೆ ಬಾಡಿಗೆ ಮನೆ ಕೊಡದವರೂ ಇದ್ದರು. ಆದರೆ ಬೀದಿಗೆ ತಂದವರು ಮೊದಲು ಯಾರು? ಮಸೀದಿಗೆ ಹೆಂಗಸರ ಪ್ರವೇಶದ ಪರವಾಗಿ ಮಾತಾಡಿದ್ದಕ್ಕೆ 2000ದಲ್ಲಿ ಬಹಿಷ್ಕಾರ ಅನುಭವಿಸಿದ ಹಾಸನದ ವಕೀಲೆ ಬಾನು ಒಳಗಿನವರೇ ಅಲ್ಲವೆ?

ಇಂಡೋನೇಷ್ಯಾದ ಉಸ್ಮಾರ್ ಇಸ್ಮಾಯಿಲ್ 1954ರಲ್ಲಿ ‘ಲೆವಾತ್ ಜಾಮ್ ಮಲಾಮ್’ ಎಂಬ ಚಿತ್ರ ಮಾಡಿದರು. ಕರ್ಫ್ಯೂ ಹೇರಿದ ಬಾಂಡುಂಗ್ ನಗರದಲ್ಲಿ ಒಬ್ಬ ಮಾಜಿ ಸ್ವಾತಂತ್ರ್ಯ ಹೋರಾಟಗಾರ, ತನ್ನ ಹಳೆಯ ನಾಯಕನೇ ಭ್ರಷ್ಟನಾಗಿ ಶ್ರೀಮಂತನಾದದ್ದನ್ನು ಕಾಣುತ್ತಾನೆ. ಹೊಸದಾಗಿ ಬಿಡುಗಡೆಗೊಂಡ ದೇಶ ತನ್ನವರನ್ನೇ ಕಟಕಟೆಗೆ ತಂದ ಚಿತ್ರವದು. 2012ರಲ್ಲಿ ಇಟಲಿಯ ಬೊಲೋನ್ಯದಲ್ಲಿ ಅದನ್ನು ದುರಸ್ತಿಗೊಳಿಸಿ ಕಾನ್‌ನಲ್ಲಿ ತೋರಿಸಿದರು. ಅದೇ ಪ್ರಯೋಗಾಲಯದಲ್ಲಿ ಕಾಸರವಳ್ಳಿಯವರ ‘ಘಟಶ್ರಾದ್ಧ’ಕ್ಕೂ ಮರುಜೀವ ಬಂದು, 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ಪ್ರದರ್ಶನವಾಯಿತು. ‘ಘಟಶ್ರಾದ್ಧ’ವನ್ನು ಬ್ರಾಹ್ಮಣರ ನಿಂದೆಯೆಂದು ಯಾರೂ ಅಲ್ಲಿ ನೋಡಲಿಲ್ಲ, ಮನುಷ್ಯರ ಕಥೆಯೆಂದೇ ನೋಡಿದರು. ‘ಹಸೀನಾ’ಕ್ಕೂ ಅಂಥ ನೋಟ ಬೇಕು.

ಚಿತ್ರ ಬಂದ ಮೇಲೆ ಕಾನೂನು ಬದಲಾಯಿತು. 2017ರಲ್ಲಿ ಸುಪ್ರೀಂ ಕೋರ್ಟು ಒಂದೇ ಉಸಿರಿನ ಮೂರು ತಲಾಖನ್ನು ಅಸಿಂಧುಗೊಳಿಸಿತು, 2019ರಲ್ಲಿ ಅದು ಶಿಕ್ಷಾರ್ಹ ಅಪರಾಧವಾಯಿತು. ಆಗ ಟಿ.ವಿ.ಯ ಚರ್ಚೆಗಳಲ್ಲಿ ಹಸೀನಾಳಂಥವರ ಹೆಸರು ಬಹಳ ಕೇಳಿಬಂತು. ಆದರೆ ಕಥೆಯ ಸಂಕಟ ತಲಾಖಿನದ್ದಲ್ಲ, ಕೈಬಿಟ್ಟದ್ದರದ್ದು. ತಲಾಖ್ ಹೇಳದೆ, ಖರ್ಚಿಗೂ ಕೊಡದೆ ಎದ್ದುಹೋದವನನ್ನು ಹಿಡಿಯುವ ಕೆಲಸ ಆ ಕಾಯಿದೆಯದ್ದಲ್ಲ. ಜೀವನಾಂಶಕ್ಕೆ ಕೋರ್ಟಿನ ದಾರಿ ಮೊದಲಿಂದಲೂ ಇದೆ, ಬೀಡಿ ಕಟ್ಟಿ ಅಲ್ಲಿಗೆ ಓಡಾಡುವುದು ಎಷ್ಟು ವರ್ಷ?

2025ರ ಮೇ ತಿಂಗಳಲ್ಲಿ ದೀಪಾ ಭಾಸ್ತಿಯವರು ಅನುವಾದಿಸಿದ ಬಾನು ಅವರ ‘ಹಾರ್ಟ್ ಲ್ಯಾಂಪ್’ಗೆ ಅಂತಾರಾಷ್ಟ್ರೀಯ ಬೂಕರ್ ಬಂತು. ಅದರ ಹನ್ನೆರಡು ಕಥೆಗಳಲ್ಲಿ ‘ಕರಿ ನಾಗರಗಳು’ ಕೂಡ ಒಂದು. ಅನುವಾದಕಿ ಉರ್ದು, ಅರಬ್ಬಿ ಪದಗಳನ್ನು ಓರೆ ಅಕ್ಷರದಲ್ಲಿ ಪ್ರತ್ಯೇಕಿಸದೆ ಹಾಗೆಯೇ ಬಿಟ್ಟರು. ಉರ್ದು ಶಾಲೆಯಲ್ಲೂ ಕನ್ನಡ ಶಾಲೆಯಲ್ಲೂ ಕಲಿತ ನಮ್ಮಂಥವರಿಗೆ ಅದರ ಸುಖ ಬೇರೆ.

ಆ ಸಡಗರದಲ್ಲಿ ‘ಹಸೀನಾ’ವನ್ನು ಹೆಂಗಸರಿಗಾಗಿ ಒಮ್ಮೆ ತೋರಿಸೋಣ, ಹಾಲ್ ಕೊಡಿ ಎಂದು ಇಲ್ಲಿನ ಒಂದು ಸಂಘದವರನ್ನು ನಾವು ಕೇಳಿದೆವು. ಚಹಾ ತರಿಸಿದರು, ಬಾನು ಅವರ ಬಗ್ಗೆ ಹೆಮ್ಮೆಯ ಮಾತಾಡಿದರು. “ಮುಂದಿನ ಮೀಟಿಂಗಿನಲ್ಲಿ ನೋಡೋಣ” ಎಂದರು. ಆ ಮೀಟಿಂಗ್ ಇನ್ನೂ ಆಗಿಲ್ಲ.