ಕದಲದ ಬಂಡೆ: ಶಿಲ್ಪದಲ್ಲಿ ಕ್ಷಣದ ಸ್ವರೂಪ

ಚೆನ್ನೈ ನಗರದ ಮರೀನಾ ತೀರದ ಉತ್ತರ ಭಾಗದಲ್ಲಿ, ಕಡಲಿಗೂ ರಾಜಮಾರ್ಗಕ್ಕೂ ನಡುವೆ, ಕಂಚಿನ ನಾಲ್ವರು ಶ್ರಮಿಕರು ಒಂದು ಹೆಬ್ಬಂಡೆಯನ್ನು ಮೀಟುತ್ತಿರುವರು. 1959ರ ಗಣರಾಜ್ಯೋತ್ಸವದ ಮುನ್ನಾದಿನ ಸ್ಥಾಪಿತವಾದ ಈ ಕೃತಿಯ ಕರ್ತೃ ದೇವಿಪ್ರಸಾದ ರಾಯಚೌಧುರಿ. ಇಂಗ್ಲಿಷಿನಲ್ಲಿ ಇದಕ್ಕಿರುವ ಹೆಸರಿನ ಅರ್ಥ 'ಶ್ರಮದ ವಿಜಯ' ಎಂದು. ಆದರೆ ಹೆಸರು ಸಾರುವ ವಿಜಯವನ್ನು ಶಿಲ್ಪವು ಸಾರುವುದಿಲ್ಲ. ಬಂಡೆಯಿನ್ನೂ ಕದಲಿಲ್ಲ. ಶಿಲ್ಪದ ಸತ್ತ್ವವೆಲ್ಲ ಈ 'ಇನ್ನೂ' ಎಂಬುದರಲ್ಲಿಯೇ ಅಡಗಿರುವುದರಿಂದ, ಹೆಸರನ್ನು ಬದಿಗಿಟ್ಟು ಕೃತಿಯನ್ನು ನೋಡುವುದು ಯುಕ್ತ.

ರಾಯಚೌಧುರಿಯವರು 1899ರಲ್ಲಿ ಬಂಗಾಳದ ರಂಗಪುರ ಸೀಮೆಯಲ್ಲಿ ಜನಿಸಿದರು. ಅವನೀಂದ್ರನಾಥ ಠಾಕೂರರಲ್ಲಿ ಚಿತ್ರಕಲೆಯನ್ನು ಅಭ್ಯಾಸ ಮಾಡಿ, 1929ರಲ್ಲಿ ಮದರಾಸಿನ ಸರ್ಕಾರಿ ಕಲಾಶಾಲೆಯ ಮುಖ್ಯಸ್ಥರಾಗಿ ಬಂದರು. ಆ ಪದವಿಯನ್ನೇರಿದ ಭಾರತೀಯರಲ್ಲಿ ಮೊದಲಿಗರು ಅವರೇ. ಸುಮಾರು ಮೂರು ದಶಕಗಳ ಕಾಲ ಈ ನಗರದಲ್ಲಿದ್ದರು. ಮರೀನಾದ ಶಿಲ್ಪಕ್ಕೆ ಆ ಶಾಲೆಯ ಕಾವಲುಗಾರನೊಬ್ಬನೂ ವಿದ್ಯಾರ್ಥಿಯೊಬ್ಬನೂ ಭಾರವಾದ ಮರದ ತೊಲೆಯನ್ನು ಹಿಡಿದು ಮಾದರಿಗಳಾಗಿ ನಿಂತಿದ್ದರೆಂದು ಹೇಳುವುದುಂಟು. ಹಾಗಿದ್ದಲ್ಲಿ ಈ ನಾಲ್ವರು ಒಂದೆಡೆ ಕೂಡಿ ಒಂದು ಬಂಡೆಗೆ ಮೈಕೊಟ್ಟ ಗಳಿಗೆಯೇ ಇರಲಿಲ್ಲ. ಇಬ್ಬರ ದೇಹಗಳಿಂದ, ಬೇರೆಬೇರೆ ಹೊತ್ತಿನ ಆಯಾಸಗಳಿಂದ ಆಯ್ದು ಜೋಡಿಸಿದ ಕ್ಷಣವಿದು. ಛಾಯಾಚಿತ್ರವು ನಡೆದ ಕ್ಷಣವನ್ನು ಹಿಡಿದರೆ, ಶಿಲ್ಪಿಯು ನಡೆಯದ ಕ್ಷಣವನ್ನು ಕಲ್ಪಿಸಿ ಅದಕ್ಕೆ ನಡೆದುದಕ್ಕಿಂತ ಹೆಚ್ಚಿನ ನಿಜವನ್ನು ತರುತ್ತಾನೆ.

ಕಾಲವನ್ನು ಬೇರೆ ಬಗೆಯಲ್ಲಿ ನಿರೂಪಿಸಲು ಇದೇ ಶಿಲ್ಪಿಗೆ ಬರುತ್ತಿರಲಿಲ್ಲವೆಂದಲ್ಲ. 1942ರ ಆಗಸ್ಟಿನಲ್ಲಿ ಪಾಟ್ನಾದ ಸಚಿವಾಲಯದ ಮುಂದೆ ಗುಂಡಿಗೆ ಬಲಿಯಾದ ಏಳು ವಿದ್ಯಾರ್ಥಿಗಳ ಸ್ಮಾರಕವೂ ಅವರದೇ. ಅಲ್ಲಿ ಒಬ್ಬನು ಬಿದ್ದಿದ್ದಾನೆ, ಮತ್ತೊಬ್ಬನು ಬೀಳುತ್ತಿದ್ದಾನೆ, ಧ್ವಜವು ಮಾತ್ರ ಮುಂದೆ ಸಾಗುತ್ತಿದೆ. ಕಾಲವನ್ನು ಮೆಟ್ಟಿಲು ಮೆಟ್ಟಿಲಾಗಿ ಹರಡಿರುವ ಈ ಕ್ರಮ ಕನ್ನಡಿಗರಿಗೆ ಹೊಸದಲ್ಲ. ಊರೂರ ಹೊರಗೆ ನಿಂತಿರುವ ನಮ್ಮ ವೀರಗಲ್ಲುಗಳಲ್ಲಿ ಕೆಳಗಿನ ಪಟ್ಟಿಕೆಯಲ್ಲಿ ಕಾಳಗ, ನಡುವೆ ಅಪ್ಸರೆಯರ ಹಸ್ತಾವಲಂಬನ, ಮೇಲೆ ದೇವಸನ್ನಿಧಿ. ಕಣ್ಣು ಮೇಲೇರಿದಂತೆ ಕಾಲವೂ ಮುಂದುವರಿಯುತ್ತದೆ.

ಆದರೆ ಒಂದು ಕಲ್ಲು ಈ ಪದ್ಧತಿಯನ್ನು ಒಲ್ಲದೆ ನಿಂತಿದೆ. ಅದು ಮಂಡ್ಯ ಸೀಮೆಯ ಆತಕೂರಿನಲ್ಲಿ ದೊರೆತು ಈಗ ಬೆಂಗಳೂರಿನ ಸರ್ಕಾರಿ ವಸ್ತುಸಂಗ್ರಹಾಲಯದಲ್ಲಿರುವ ಕಲ್ಲು. ಅದರ ಶಾಸನದ ಕಾಲ ಕ್ರಿ. ಶ. 949-50. ಅದರ ಕಥೆಯ ಮೊದಲು ಚೆನ್ನೈಗೆ ದೂರವಲ್ಲದ, ಅರಕ್ಕೋಣದ ಬಳಿಯ ತಕ್ಕೋಲದಲ್ಲಿದೆ. ಅಲ್ಲಿ ರಾಷ್ಟ್ರಕೂಟ ಮೂರನೆಯ ಕೃಷ್ಣನ ಪಕ್ಷದಲ್ಲಿ ಹೋರಿದ ಗಂಗ ಬೂತುಗನು ಚೋಳ ರಾಜಾದಿತ್ಯನನ್ನು ಕೊಂದನು. ಆ ಯುದ್ಧದಲ್ಲಿ ಮೆರೆದ ಮಣಲೆರನು ಪ್ರಭುವು ಮೆಚ್ಚಿ ಬೇಡೆಂದಾಗ ಊರನ್ನಾಗಲಿ ಹೊನ್ನನ್ನಾಗಲಿ ಬೇಡಲಿಲ್ಲ, ಕಾಳಿಯೆಂಬ ಬೇಟೆನಾಯಿಯನ್ನು ಬೇಡಿದನು. ಆ ನಾಯಿಯನ್ನು ಒಂದು ದೊಡ್ಡ ಹಂದಿಯ ಮೇಲೆ ಬಿಡಲು ಎರಡೂ ಸೆಣಸಿ ಒಟ್ಟಿಗೆ ಸತ್ತುವೆಂದು ಶಾಸನ ಹೇಳುತ್ತದೆ. ಶಿಲ್ಪವು ಹಾಗೆನ್ನುವುದಿಲ್ಲ. ಅಲ್ಲಿ ಎರಡೂ ಬದುಕಿವೆ, ಒಂದನ್ನೊಂದು ಹಿಡಿದು ಸೆಣಸುತ್ತಿವೆ. ಮುಗಿದ ಕಥೆಯನ್ನು ಅಕ್ಷರಕ್ಕೆ ಒಪ್ಪಿಸಿ, ಮುಗಿಯದ ಗಳಿಗೆಯೊಂದನ್ನೇ ಶಿಲ್ಪಿಯು ಉಳಿಸಿಕೊಂಡಿದ್ದಾನೆ. ಕಲಾವಿದನು ಪರಾಕಾಷ್ಠೆಯನ್ನಲ್ಲ, ಕಲ್ಪನೆಗೆ ಎಡೆಯುಳಿಸುವ ಕ್ಷಣವನ್ನು ಆಯಬೇಕೆಂದು ಜರ್ಮನಿಯ ಲೆಸಿಂಗನು ಲಾವೊಕೂನ್ ಶಿಲ್ಪವನ್ನು ಕುರಿತು ಬರೆದುದು 1766ರಲ್ಲಿ. ಕನ್ನಡ ನಾಡಿನ ಹೆಸರಿಲ್ಲದ ಶಿಲ್ಪಿಯೊಬ್ಬನು ಅದಕ್ಕೆ ಎಂಟು ಶತಮಾನ ಮೊದಲೇ ಅದನ್ನು ಮಾಡಿ ತೋರಿಸಿದ್ದನು.

ಮರೀನಾದ ಶಿಲ್ಪದ ಗೆಲವೂ ಇದೇ ಜಾತಿಯದು. ಒಬ್ಬೊಬ್ಬನ ಮೈ ಒಂದೊಂದು ಬಗೆಯಲ್ಲಿ ಬಾಗಿದ್ದರೂ ನಾಲ್ವರ ಬಲವೂ ಒಂದೇ ಗಳಿಗೆಯಲ್ಲಿ ಕೂಡಿದೆ. ಇಲ್ಲಿ ಮೊದಲು-ಅನಂತರಗಳಿಲ್ಲ. ಬಂಡೆಯುರುಳಿದ್ದರೆ ಈ ಮೈಗಳು ಸಡಿಲವಾಗುತ್ತಿದ್ದುವು, ನೋಡುವವನ ಮೈಯೂ ಸಡಿಲವಾಗುತ್ತಿತ್ತು.

ದೋಷವೂ ಇಲ್ಲದಿಲ್ಲ. ಈ ತೋಳುಗಳು ಗರಡಿಯ ಮಲ್ಲರವು. ಅರೆಹೊಟ್ಟೆಯಲ್ಲಿ ಮೂಟೆ ಹೊತ್ತ ಮದರಾಸಿನ ಬಂದರಿನ ಕೂಲಿಯವನಿಗೆ ಇಂತಹ ಮಾಂಸಖಂಡಗಳೆಲ್ಲಿಯವು? 1923ರ ಮೇ 1ರಂದು ಸಿಂಗಾರವೇಲರು ದೇಶದ ಮೊದಲ ಮೇ ದಿನವನ್ನು ಆಚರಿಸಿದುದು ಇದೇ ನಗರದಲ್ಲಿ. ಅಂದು ಅಲ್ಲಿ ನೆರೆದವರ ದೇಹಗಳು ಹೀಗಿದ್ದಿರಲಾರವು. ಶ್ರಮವನ್ನು ಗೌರವಿಸುವ ಆತುರದಲ್ಲಿ ಶಿಲ್ಪಿಯು ಶ್ರಮಿಕನ ಬಡತನವನ್ನು ಮರೆತಿದ್ದಾನೆಂಬ ಆಕ್ಷೇಪಕ್ಕೆ ಪೂರ್ಣವಾದ ಸಮಾಧಾನವಿಲ್ಲ. ಆದರೂ ಬಂಡೆಯನ್ನು ಕದಲಿಸದೆ ಬಿಟ್ಟ ವಿವೇಕ ಈ ಅತಿಶಯೋಕ್ತಿಯನ್ನು ಬಹುಮಟ್ಟಿಗೆ ತಡೆದಿದೆ: ಇಷ್ಟು ಬಲವಿದ್ದೂ ಅದು ಜಗ್ಗಿಲ್ಲ.

ಬರಬೇಕಾದ ಹಣವನ್ನು ಬಂದುದೆಂದೇ ಜಮೆ ಬರೆದ ಲೆಕ್ಕದಂತಿದೆ ಆ ಇಂಗ್ಲಿಷ್ ಹೆಸರು. ನಗರದ ತಮಿಳು ಜನ ಅದನ್ನು ಬಳಸುವುದೇ ಇಲ್ಲ. ಬಸ್ಸಿನ ನಿರ್ವಾಹಕನಿಂದ ಸುಂಡಲ್ ಮಾರುವ ಹುಡುಗನವರೆಗೆ ಎಲ್ಲರ ಬಾಯಲ್ಲೂ ಅದು 'ಉಳೈಪ್ಪಾಳರ್ ಸಿಲೈ', ದುಡಿಯುವವರ ಪ್ರತಿಮೆ.