ಕತ್ತರಿಗೂ ಒಂದು ಪಕ್ಷ ಇರುತ್ತೆ

ನ್ಯೂಜೆರ್ಸಿಯಲ್ಲಿ ಬೆಳೆದ ನಿಮ್ಮಲ್ಲಿ ಹಲವರು 'ರೋಜಾ', 'ಬಾಂಬೆ' ನೋಡಿರ್ತೀರಿ, ತಮಿಳಿನಲ್ಲಿ ಅಲ್ಲದಿದ್ರೆ ಹಿಂದಿಯಲ್ಲಿ. ಮಣಿರತ್ನಂ ಗೊತ್ತು, ರೆಹಮಾನ್ ಗೊತ್ತು. ಎರಡನ್ನೂ ಎಡಿಟ್ ಮಾಡಿದವರು ನಮ್ಮ ಕನ್ನಡದ ಸುರೇಶ್ ಅರಸ್ ಅನ್ನೋದು ಗೊತ್ತಿತ್ತಾ? 1991ರ 'ದಳಪತಿ'ಯಿಂದ 1998ರ 'ದಿಲ್ ಸೇ'ವರೆಗೆ ಮಣಿರತ್ನಂ ಚಿತ್ರಗಳಿಗೆ ಅವರದೇ ಸಂಕಲನ. 'ಬಾಂಬೆ'ಗೆ ರಾಷ್ಟ್ರಪ್ರಶಸ್ತಿಯೂ ಬಂತು.

'ನಮ್ಮವರು' ಅಂತ ಹೆಮ್ಮೆಪಟ್ಟು ಸುಮ್ಮನಾಗೋದು ಸುಲಭ. ಆದರೆ ಅವರಿಗೆ ಸಲ್ಲಬೇಕಾದ ನಿಜವಾದ ಗೌರವ ಅಂದ್ರೆ ಅವರ ಕೆಲಸವನ್ನು ಗಮನವಿಟ್ಟು ನೋಡೋದು.

'ಬಾಂಬೆ'ಯ 'ಉಯಿರೇ' ಹಾಡು ತಗೊಳ್ಳಿ. ಚಿತ್ರೀಕರಣ ಆಗಿದ್ದು ಕಾಸರಗೋಡಿನ ಬೇಕಲ ಕೋಟೆಯಲ್ಲಿ. ಮಳೆ, ಕಡಲು, ಕೋಟೆಯ ಮೇಲೆ ಕಾಯುತ್ತಾ ಹಾಡುವ ಶೇಖರ್. ಇನ್ನೊಂದು ಕಡೆ ಓಡಿ ಬರುತ್ತಿರುವ ಶೈಲಾ ಬಾನು. ಅವಳ ಬುರ್ಖಾ ಒಂದು ಲಂಗರಿಗೆ ಸಿಕ್ಕಿಕೊಳ್ಳುತ್ತೆ, ಅದನ್ನು ಅಲ್ಲೇ ಬಿಟ್ಟು ಓಡ್ತಾಳೆ. ಅವನು, ಅವಳು, ಮತ್ತೆ ಅವನು. ಇಬ್ಬರು ಒಂದೇ ಫ್ರೇಮಿಗೆ ಬರುವ ಮೊದಲೇ ಎಡಿಟಿಂಗ್ ಅವರನ್ನು ಸೇರಿಸಿಬಿಟ್ಟಿರುತ್ತೆ.

ಈಗ 'ರೋಜಾ'ಗೆ (1992) ಬನ್ನಿ. ಉಗ್ರರು ಧ್ವಜಕ್ಕೆ ಬೆಂಕಿ ಹಚ್ಚುತ್ತಾರೆ. ಕೈ ಕಟ್ಟಿದ್ದರೂ ರಿಷಿ ಅದರ ಮೇಲೆ ಬಿದ್ದು ಉರುಳಾಡುತ್ತಾನೆ. ನಡುನಡುವೆ ಏನು ತೋರಿಸ್ತಾರೆ? ನಮಾಜ್ ಮಾಡುತ್ತಿರುವ ಲಿಯಾಕತ್. ಬೆಂಕಿ, ಪ್ರಾರ್ಥನೆ, ಮತ್ತೆ ಬೆಂಕಿ. ನಮಾಜಿಗೂ ಬೆಂಕಿಗೂ ಸಂಬಂಧ ಇದೆ ಅಂತ ಯಾವ ಪಾತ್ರವೂ ಬಾಯಿಬಿಟ್ಟು ಹೇಳೋದಿಲ್ಲ. ಎಡಿಟಿಂಗ್ ಹೇಳುತ್ತೆ, ಪ್ರೇಕ್ಷಕರು ನಂಬ್ತಾರೆ.

ಎರಡೂ ಕಡೆ ತಂತ್ರ ಒಂದೇ: ಎರಡು ಚಿತ್ರಗಳನ್ನು ಸರದಿಯಂತೆ ಜೋಡಿಸೋದು. ಬೇಕಲದಲ್ಲಿ ಅದು ಎರಡು ಧರ್ಮದವರನ್ನು ಹತ್ತಿರ ತಂದಿತು. ಕಾಶ್ಮೀರದಲ್ಲಿ ಒಬ್ಬನ ಪ್ರಾರ್ಥನೆಯನ್ನೇ ಅಪರಾಧದ ಪಕ್ಕ ನಿಲ್ಲಿಸಿತು. ಕಥೆ ನಿರ್ದೇಶಕರದು, ಹೊಣೆಯ ದೊಡ್ಡ ಪಾಲೂ ಅವರದೇ. ಆದರೂ ಆ ದೃಶ್ಯ ಅಷ್ಟು ನಾಟೋದಕ್ಕೆ ಅರಸ್ ಅವರ ಕೈಚಳಕವೇ ಕಾರಣ, ನನ್ನ ತಕರಾರು ಇರೋದೂ ಅಲ್ಲೇ. ಕಡಿಮೆ ಕಸುಬಿನವರು ಮಾಡಿದ್ದರೆ ನಮಗೆ ಅನುಮಾನವಾದರೂ ಬರ್ತಿತ್ತು.

ಅಮೆರಿಕದಲ್ಲಿ 2001ರ ನಂತರ ಪ್ರಾರ್ಥನೆಯ ಪಕ್ಕ ಸ್ಫೋಟ ಇಟ್ಟು ತೋರಿಸುವ ದೃಶ್ಯಗಳನ್ನು ಟಿವಿಯಲ್ಲಿ ಎಷ್ಟು ನೋಡಿಲ್ಲ ನೀವು? ಅಲ್ಲಿ ಸಿಟ್ಟು ಬಂದಿದ್ದರೆ ಇಲ್ಲೂ ಬರಬೇಕು.

ಈ ವಾರಾಂತ್ಯ ಒಂದು ಕೆಲಸ ಮಾಡಿ. ಎರಡೂ ದೃಶ್ಯಗಳನ್ನು ಸೌಂಡ್ ಆಫ್ ಮಾಡಿ ನೋಡಿ, ಸಬ್‌ಟೈಟಲ್ಲೂ ಬೇಡ. ಯಾವ ಚಿತ್ರದ ಪಕ್ಕ ಯಾವುದು ಬಂತು ಅಂತ ಒಂದು ಹಾಳೆಯಲ್ಲಿ ಬರೆದುಕೊಳ್ಳಿ, ಕನ್ನಡದಲ್ಲೇ. ಅರಸ್ ಅವರ ಕೆಲಸ ಎಷ್ಟು ಚೆಂದ ಅನ್ನೋದೂ ಕಾಣುತ್ತೆ, ಎಷ್ಟು ಅಪಾಯ ಅನ್ನೋದೂ ಕಾಣುತ್ತೆ.