ನೆರಳು ನೋಡಲು ಕಲಿಯೋಣ: ವಿ.ಕೆ. ಮೂರ್ತಿಯವರ ಕ್ಯಾಮೆರಾ

ಚಿಕ್ಕೋಡಿ, ರಾಯಬಾಗ, ಅಥಣಿ, ಕಾಗವಾಡದ ಕಡೆ ಸಿನಿಮಾ ಹುಚ್ಚಿಗೇನೂ ಬರವಿಲ್ಲ. ನಿಪ್ಪಾಣಿಯಿಂದ ಸುಮಾರು 40 ಕಿ.ಮೀ. ದೂರದ ಕೊಲ್ಹಾಪುರದಲ್ಲೇ ಬಾಬುರಾವ್ ಪೇಂಟರ್ ಸ್ವಂತ ಕ್ಯಾಮೆರಾ ಕಟ್ಟಿಕೊಂಡು ಮೂಕಿ ಚಿತ್ರ ತೆಗೆದವರು. ಆದರೂ ಟಾಕೀಜಿನಿಂದ ಹೊರಬಂದವರ ಬಾಯಲ್ಲಿ ಹೀರೊ, ಹಾಡು, ಫೈಟಿಂಗ್ ಇರುತ್ತವೆಯೇ ಹೊರತು ಛಾಯಾಗ್ರಾಹಕನ ಹೆಸರು ಬರುವುದಿಲ್ಲ. ಮೈಸೂರಿನ ವಿ.ಕೆ. ಮೂರ್ತಿಯವರಿಂದ (1923–2014) ಶುರುಮಾಡಿ.

ಪಿಟೀಲು ನುಡಿಸುತ್ತಿದ್ದ ಮೂರ್ತಿ ಬೆಂಗಳೂರಿನ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಛಾಯಾಗ್ರಹಣ ಕಲಿತು ಮುಂಬಯಿ ಸೇರಿದರು. 'ಬಾಜಿ' (1951) ಚಿತ್ರಕ್ಕೆ ಸಹಾಯಕರಾಗಿದ್ದಾಗ ಕನ್ನಡಿಯ ಪ್ರತಿಬಿಂಬದ ಕಷ್ಟದ ಶಾಟ್ ಒಂದನ್ನು ತೆಗೆದುಕೊಟ್ಟರು. ಮೆಚ್ಚಿದ ನಿರ್ದೇಶಕ ಗುರುದತ್ ತಮ್ಮ 'ಜಾಲ್' ಚಿತ್ರದಿಂದ ಕ್ಯಾಮೆರಾವನ್ನು ಅವರ ಕೈಗೇ ಒಪ್ಪಿಸಿದರು.

ಮೊದಲು 'ಕಾಗಜ್ ಕೆ ಫೂಲ್' (1959) ನೋಡಿ. ಭಾರತದ ಮೊದಲ ಸಿನಿಮಾಸ್ಕೋಪ್, ಅಂದರೆ ಅಗಲ ಪರದೆಯ ಚಿತ್ರ ಅದು, ಹಾಗಾಗಿ ಮೊಬೈಲಿನಲ್ಲಿ ಬೇಡ. ಗೀತಾ ದತ್ ಹಾಡಿನಲ್ಲಿ ಖಾಲಿ ಸ್ಟುಡಿಯೋದೊಳಗೆ ಒಂದು ಬೆಳಕಿನ ಕೋಲು ಇಳಿಯುತ್ತದೆ. ಅದು ಲೈಟಿನದಲ್ಲ, ಬಿಸಿಲಿನದು. ಹೊರಗೊಂದು ದೊಡ್ಡ ಕನ್ನಡಿ, ಒಳಗೊಂದು. ಸೂರ್ಯನನ್ನು ಎರಡು ಸಲ ತಿರುಗಿಸಿ ತಂದರು. ಬರೀ ಬೆಳಕು ಕಣ್ಣಿಗೆ ಕಾಣದು, ಗಾಳಿಯಲ್ಲಿ ಏನಾದರೂ ತೇಲುತ್ತಿರಬೇಕು. ನಿಪ್ಪಾಣಿಯ ತಂಬಾಕಿನ ವಖಾರಿಯಲ್ಲಿ ನಿಂತವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಹಾಡನ್ನು ಇನ್ನೊಮ್ಮೆ ದನಿ ಬಂದ್ ಮಾಡಿ ನೋಡಿ. ಮುಖ ಯಾವಾಗ ಕತ್ತಲಿಗೆ ಸರಿಯುತ್ತದೆ, ಯಾಕೆ ಸರಿಯುತ್ತದೆ?

'ಸಾಹಿಬ್ ಬೀಬಿ ಔರ್ ಗುಲಾಮ್' (1962) ಇನ್ನೂ ಧೈರ್ಯದ್ದು. ಅಲ್ಲಿನ ಮುಜರಾದಲ್ಲಿ ಬೆಳಕೆಲ್ಲ ಮುಖ್ಯ ನರ್ತಕಿಯ ಮೇಲೆ. ಸುತ್ತ ಕುಣಿಯುವವರ ಮುಖಕ್ಕೆ ಬೆಳಕೇ ಇಲ್ಲ. ಯಾರನ್ನು ನೋಡಬೇಕು ಅನ್ನುವುದನ್ನು ನೆರಳೇ ತೀರ್ಮಾನಿಸುತ್ತದೆ. 1964ರಲ್ಲಿ ಗುರುದತ್ ತೀರಿಕೊಂಡ ಮೇಲೆ ಮೂರ್ತಿ ತೆಗೆದ 'ಲವ್ ಇನ್ ಟೋಕಿಯೊ'ದಂಥ ಬಣ್ಣದ ಚಿತ್ರಗಳು ಅಚ್ಚುಕಟ್ಟು, ಅಷ್ಟೇ. ನನಗೆ ಅಲ್ಲಿ ಆ ಕತ್ತಲು ಸಿಗಲಿಲ್ಲ. 2008ರ ಫಾಲ್ಕೆ ಪ್ರಶಸ್ತಿ ಅವರಿಗೆ ಬಂತು. ಛಾಯಾಗ್ರಾಹಕರೊಬ್ಬರಿಗೆ ಅದು ಸಂದದ್ದು ಅದೇ ಮೊದಲು.

ಬೇರೆ ರುಚಿ ಬೇಕೆಂದರೆ ಗ್ರೀಸಿನ ಛಾಯಾಗ್ರಾಹಕ ಯೋರ್ಗೋಸ್ ಆರ್ವಾನಿಟಿಸ್ ಇದ್ದಾರೆ. ಅವರು ಚಿತ್ರೀಕರಿಸಿದ, ಆಂಜೆಲೊಪುಲೋಸ್ ನಿರ್ದೇಶನದ 'ದಿ ಟ್ರಾವೆಲಿಂಗ್ ಪ್ಲೇಯರ್ಸ್' (1975) ಹತ್ತಿರಹತ್ತಿರ ನಾಲ್ಕು ಗಂಟೆಯದು, ಶಾಟ್‌ಗಳು ಸುಮಾರು 80 ಮಾತ್ರ. ಮೂರ್ತಿಯವರು ಬಿಸಿಲನ್ನು ಹಿಡಿದು ತಂದರೆ ಇವರದು ಮೋಡದ, ಮಂಕು ಬೆಳಕಿನ ಲೋಕ. ಆತುರದವರು ಇದನ್ನು ಆಮೇಲೆ ನೋಡಿದರೂ ನಡೆದೀತು.

ಕನ್ನಡಕ್ಕೆ ಬಂದರೆ, ಮೂರ್ತಿಯವರ ಸಹಾಯಕರಾಗಿದ್ದ, ಅದೇ ಪಾಲಿಟೆಕ್ನಿಕ್‌ನ ಗೋವಿಂದ ನಿಹಲಾನಿ ಕ್ಯಾಮೆರಾ ಹಿಡಿದ 'ಕಾಡು' (1973) ಇದೆ. ಎಸ್. ರಾಮಚಂದ್ರ ಚಿತ್ರೀಕರಿಸಿದ 'ಘಟಶ್ರಾದ್ಧ' (1977) ಇದೆ. ಎರಡನೆಯದು ರಿಸ್ಟೋರ್ ಆಗಿ 2024ರಲ್ಲಿ ವೆನಿಸ್‌ನಲ್ಲಿ ತೆರೆ ಕಂಡಿತು. ಸಿಕ್ಕರೆ ಆ ಪ್ರತಿಯನ್ನೇ ನೋಡಿ. ಸವೆದ ಪ್ರತಿಗಳಲ್ಲಿ ಕಪ್ಪೆಲ್ಲ ಬೂದಿ ಬಣ್ಣಕ್ಕೆ ತಿರುಗಿರುತ್ತದೆ.